ಅಮ್ಮನಿಗೆ 25 ದಿನ, ಅಕ್ಕನಿಗೆ 15 ದಿನ: ರೇಡಿಯೇಷನ್ ಕಡಿಮೆಯಾದದ್ದು ಹೇಗೆ?

ಬೆಳಗಿನ ಬಿಸಿಲು

ಎಲ್ಲರಿಗೂ ನಮಸ್ಕಾರ. ಒಂದು ವಾರದಿಂದ ಮನಸ್ಸನ್ನು ಕೊರೆಯುತ್ತಿರುವ ಪ್ರಶ್ನೆಯೊಂದನ್ನು ನಿಮ್ಮ ಮುಂದಿಡುತ್ತಿದ್ದೇನೆ.

ಹದಿನೆಂಟು ವರ್ಷಗಳ ಹಿಂದೆ ನಮ್ಮ ಅಮ್ಮನಿಗೆ ಸ್ತನ ಕ್ಯಾನ್ಸರ್ ಆಗಿತ್ತು. ಗಡ್ಡೆಯನ್ನಷ್ಟೇ ತೆಗೆದು, ಆಮೇಲೆ 25 ದಿನ ರೇಡಿಯೇಷನ್ ಕೊಟ್ಟಿದ್ದರು. ವಾರಕ್ಕೆ ಐದು ದಿನದ ಲೆಕ್ಕದಲ್ಲಿ ಐದು ವಾರ. ಕರೆದುಕೊಂಡು ಹೋಗಿ ಬರುತ್ತಿದ್ದವಳು ನಾನೇ. ಕೊನೆಯ ವಾರದಲ್ಲಿ ಚರ್ಮ ಕಪ್ಪಾಗಿ, ಕಂಕುಳ ಬಳಿ ಸುಲಿದು, ಸೀರೆಯ ಸೆರಗು ತಾಗಿದರೂ ಅಮ್ಮ ಹಲ್ಲು ಕಚ್ಚುತ್ತಿದ್ದರು. ಇಂದು ಅವರು ಚೆನ್ನಾಗಿದ್ದಾರೆ.

ಈಗ ಅಕ್ಕನಿಗೆ ಅದೇ ಕಾಯಿಲೆ, ಎಡಭಾಗದಲ್ಲಿ. ಶಸ್ತ್ರಚಿಕಿತ್ಸೆ ಮುಗಿದಿದೆ. ವೈದ್ಯರು 15 ಸಿಟ್ಟಿಂಗ್ ಸಾಕು ಎಂದಿದ್ದಾರೆ. ಅದನ್ನು ಕೇಳಿ ಅಮ್ಮನಿಗೆ ರಾತ್ರಿ ನಿದ್ದೆ ಇಲ್ಲ. "ನನಗೆ ಅಷ್ಟು ಕೊಟ್ಟಿದ್ದಕ್ಕೇ ಅಲ್ಲವೇ ನಾನು ಉಳಿದದ್ದು? ಇವಳಿಗೆ ಯಾಕೆ ಹತ್ತು ದಿನ ಕಡಿಮೆ?" ಎಂದು ಕೇಳುತ್ತಾರೆ. ನನ್ನ ಬಳಿ ಉತ್ತರವಿಲ್ಲ. ವೈದ್ಯರು "ಈಗ ಹೀಗೆಯೇ ಕೊಡುವುದು" ಎಂದರು. ಅವರ ಕೋಣೆಯ ಹೊರಗೆ ಅಷ್ಟೊಂದು ಜನ ಕಾಯುತ್ತಿದ್ದರು, ಮತ್ತೆ ಕೇಳಲು ಸಂಕೋಚವಾಯಿತು. ತಿಳಿದವರು ದಯವಿಟ್ಟು ಹೇಳಿ.

ರೇಡಿಯೇಷನ್ ವೈದ್ಯೆ

ನಾನು ಇದೇ ವಿಭಾಗದಲ್ಲಿ ಕೆಲಸ ಮಾಡುವವಳು. ಕಡತ ನೋಡದೆ ನಿಮ್ಮ ಅಕ್ಕನ ಚಿಕಿತ್ಸೆಯ ಬಗ್ಗೆ ತೀರ್ಪು ಕೊಡಲಾರೆ. ಆದರೆ 25 ಎಂಬುದು 15 ಆದ ಬಗೆಯನ್ನು ಹೇಳಬಲ್ಲೆ.

ಅಮ್ಮನಿಗೆ ಕೊಟ್ಟದ್ದು ಬಹುಶಃ 25 ದಿನಗಳಲ್ಲಿ 50 ಗ್ರೇ (ಕಿರಣದ ಪ್ರಮಾಣವನ್ನು ಅಳೆಯುವ ಮಾನ), ದಿನಕ್ಕೆ 2 ಗ್ರೇಯಂತೆ. ಅಕ್ಕನಿಗೆ 15 ದಿನಗಳಲ್ಲಿ 40 ಗ್ರೇ ಇರಬೇಕು, ದಿನಕ್ಕೆ ಸುಮಾರು 2.67. ಒಟ್ಟು ಮೊತ್ತ ಇಳಿದಿದೆ, ದಿನದ ಪಾಲು ಏರಿದೆ. ಯಾರೋ ಕುಳಿತು ಲೆಕ್ಕ ಹಾಕಿ ಒಂದು ಬೆಳಿಗ್ಗೆ ಮಾಡಿದ ಬದಲಾವಣೆ ಇದಲ್ಲ. ಬ್ರಿಟನ್ನಿನಲ್ಲಿ 'ಸ್ಟಾರ್ಟ್ ಬಿ' ಎಂಬ ಅಧ್ಯಯನದಲ್ಲಿ 2,215 ಮಹಿಳೆಯರು ಪಾಲ್ಗೊಂಡರು. ಯಾರಿಗೆ ಯಾವ ಕ್ರಮ ಎಂಬುದನ್ನು ವೈದ್ಯರೂ ಆರಿಸಲಿಲ್ಲ, ರೋಗಿಯೂ ಆರಿಸಲಿಲ್ಲ. ಚೀಟಿ ಎತ್ತಿದ ಹಾಗೆ ಹಂಚಿದರು. ಆಮೇಲೆ ಹತ್ತು ವರ್ಷ ಕಾದರು. ಅದೇ ಸ್ತನದಲ್ಲೋ ಅದರ ಆಸುಪಾಸಿನ ದುಗ್ಧರಸ ಗ್ರಂಥಿಗಳಲ್ಲೋ ಕಾಯಿಲೆ ಮರಳಿದ್ದು 50 ಗ್ರೇ ಪಡೆದವರಲ್ಲಿ ಶೇ 5.5, 40 ಗ್ರೇ ಪಡೆದವರಲ್ಲಿ ಶೇ 4.3. ಈ ಅಂತರ ಆಕಸ್ಮಿಕವಾಗಿಯೂ ಬಂದಿರಬಹುದು, ಹಾಗಾಗಿ ಎರಡೂ ಸಮ ಎಂದೇ ಓದಬೇಕು. ಆದರೆ ಸ್ತನ ಕುಗ್ಗುವುದು, ಬಾವು ನಿಲ್ಲುವುದು, ಚರ್ಮದ ಮೇಲೆ ಸಣ್ಣ ರಕ್ತನಾಳಗಳು ಜಾಲದಂತೆ ಎದ್ದು ಕಾಣುವುದು, ಇವೆಲ್ಲ 15 ದಿನದವರಲ್ಲಿ ಕಡಿಮೆ ಇದ್ದವು. ಕೆನಡಾದಲ್ಲಿ 1,234 ಮಹಿಳೆಯರ ಮೇಲೆ 16 ದಿನಗಳ ಕ್ರಮವನ್ನು ಇದೇ ರೀತಿ ಪರೀಕ್ಷಿಸಿದ್ದರು. ಹತ್ತು ವರ್ಷದ ನಂತರ ಮರಳಿದ ಪ್ರಮಾಣ ಹಳೆಯ ಕ್ರಮದಲ್ಲಿ ಶೇ 6.7, ಹೊಸ ಕ್ರಮದಲ್ಲಿ ಶೇ 6.2.

ನಿಮ್ಮ ತಾಯಿಯವರಿಗೆ ಇಷ್ಟು ಹೇಳಿ: ಅವರ ಮಗಳಿಗೆ ಹತ್ತು ದಿನದ ಔಷಧಿಯನ್ನು ಯಾರೂ ಕಡಿತ ಮಾಡಿಲ್ಲ. ಆ ಹತ್ತು ದಿನ ಬೇಕಾಗಿರಲಿಲ್ಲ ಎಂಬುದು ಈಗ ಗೊತ್ತಾಗಿದೆ.

ಬೆಳಗಿನ ಬಿಸಿಲು

ಮೇಡಂ, ತುಂಬಾ ಧನ್ಯವಾದ. ಅಮ್ಮನಿಗೆ ಓದಿ ಹೇಳಿದೆ. ಅರ್ಧ ಸಮಾಧಾನವಾಗಿದೆ. ಇನ್ನರ್ಧಕ್ಕೆ ಹೊಸ ಪ್ರಶ್ನೆ ಹುಟ್ಟಿದೆ: "ಕಡಿಮೆ ದಿನ ಸಾಕಾದರೆ ಒಂದೇ ದಿನ ಪೂರ್ತಿ ಕರೆಂಟ್ ಕೊಟ್ಟು ಮುಗಿಸಬಾರದೇ?" (ಅಮ್ಮ ರೇಡಿಯೇಷನ್ನಿಗೆ ಇಂದಿಗೂ ಕರೆಂಟ್ ಎಂದೇ ಹೇಳುವುದು.)

ಅಳತೆಗಾರ

ನಾನು ರೇಡಿಯೇಷನ್ ವಿಭಾಗದ ಭೌತವಿಜ್ಞಾನಿ. ಯಂತ್ರದಿಂದ ಹೊರಡುವ ಕಿರಣವನ್ನು ಅಳೆಯುವುದು, ಪ್ರತಿ ರೋಗಿಯ ಪ್ಲಾನ್ ಸರಿಯಾಗಿದೆಯೇ ಎಂದು ಪರೀಕ್ಷಿಸುವುದು ನನ್ನ ಕೆಲಸ. ನಿಮ್ಮ ಅಮ್ಮನವರ ಪ್ರಶ್ನೆಗೆ ನೂರು ವರ್ಷದ ಇತಿಹಾಸವಿದೆ, ಸ್ವಲ್ಪ ಉದ್ದವಾಗಿ ಬರೆಯುತ್ತೇನೆ.

ಮೊದಲು ಕರೆಂಟ್ ವಿಷಯ. ಮೈಯೊಳಗೆ ವಿದ್ಯುತ್ ಹರಿಯುವುದಿಲ್ಲ, ಮೈ ಸುಡುವುದೂ ಇಲ್ಲ. ಗ್ರೇ ಎಂದರೆ ಒಂದು ಕಿಲೋ ಅಂಗಾಂಶಕ್ಕೆ ಒಂದು ಜೌಲ್ ಶಕ್ತಿ. ದಿನದ 2 ಗ್ರೇಯಿಂದ ಆ ಜಾಗದ ಉಷ್ಣಾಂಶ ಏರುವುದು ಒಂದು ಡಿಗ್ರಿಯ ಎರಡು ಸಾವಿರದಲ್ಲಿ ಒಂದು ಪಾಲಿನಷ್ಟು. ಬಿಸಿನೀರು ಗುಟುಕರಿಸಿದಾಗ ಗಂಟಲಿಗೆ ತಗಲುವ ಶಾಖದ ಮುಂದೆ ಅದು ಲೆಕ್ಕಕ್ಕೇ ಇಲ್ಲ. ಹಾಗಿದ್ದರೂ ಜೀವಕೋಶ ಸಾಯುತ್ತದೆ. ಏಕೆಂದರೆ ಆ ಶಕ್ತಿ ಎಲ್ಲೆಡೆ ಸಮನಾಗಿ ಹರಡದೆ ಅಲ್ಲಲ್ಲಿ ಮೊಳೆ ಹೊಡೆದ ಹಾಗೆ ಬೀಳುತ್ತದೆ. ಒಂದು ಗ್ರೇ ಬಿದ್ದರೆ ಒಂದೊಂದು ಕೋಶದ ಡಿಎನ್ಎಯಲ್ಲಿ ಒಂದು ಎಳೆ ಮಾತ್ರ ತುಂಡಾಗುವ ಗಾಯಗಳು ಸುಮಾರು ಸಾವಿರ, ಎರಡೂ ಎಳೆ ಒಟ್ಟಿಗೆ ತುಂಡಾಗುವ ಗಾಯಗಳು ಕೆಲವು ಹತ್ತು. ಮೊದಲ ಬಗೆಯ ಗಾಯವನ್ನು ಕೋಶ ಸುಲಭವಾಗಿ ಹೊಲಿದುಕೊಳ್ಳುತ್ತದೆ. ಎರಡನೆಯದು ತಪ್ಪಾಗಿ ಹೊಲಿದರೆ ಕೋಶ ಮುಂದೆ ಒಡೆದು ಎರಡಾಗಲಾರದು. ರೇಡಿಯೇಷನ್ ಕೊಲ್ಲುವುದು ಹೆಚ್ಚಾಗಿ ಹೀಗೆ. ಕೋಶ ಕೂಡಲೇ ಸಾಯುವುದಿಲ್ಲ, ತನ್ನನ್ನು ತಾನು ಹೆಚ್ಚಿಸಿಕೊಳ್ಳಲು ಹೋದಾಗ ಸಾಯುತ್ತದೆ. ಅದಕ್ಕೇ ಚಿಕಿತ್ಸೆ ಮುಗಿದ ಮೇಲೂ ವಾರಗಟ್ಟಲೆ ಗಡ್ಡೆ ಕರಗುತ್ತಲೇ ಇರುತ್ತದೆ.

ಈಗ 'ಒಂದೇ ದಿನ ಯಾಕಲ್ಲ?' ಎಂಬುದು. ರಾಂಟ್ಜನ್ ಎಕ್ಸ್-ರೇ ಕಂಡುಹಿಡಿದದ್ದು 1895ರ ನವೆಂಬರಿನಲ್ಲಿ. ಕೆಲವೇ ತಿಂಗಳಲ್ಲಿ ಅದನ್ನು ಗಡ್ಡೆಗಳ ಮೇಲೆ ಬಿಟ್ಟು ನೋಡಲು ಶುರು ಮಾಡಿದರು. ದೊಡ್ಡ ಪ್ರಮಾಣವನ್ನು ಒಮ್ಮೆಗೇ ಕೊಟ್ಟಾಗ ಗಡ್ಡೆಯ ಜೊತೆಗೆ ಅದರ ಮೇಲಿನ ಚರ್ಮ, ಮಾಂಸ ಎಲ್ಲವೂ ಕೊಳೆತು ಹೋಗುತ್ತಿದ್ದವು. ಆಗ ಪ್ಯಾರಿಸ್‌ನಲ್ಲಿ ಕ್ಲೋಡ್ ರೆಗೋ ಎಂಬ ವಿಜ್ಞಾನಿ ಟಗರುಗಳ ವೃಷಣದ ಮೇಲೆ ಪ್ರಯೋಗ ಮಾಡಿದರು. ವೃಷಣದಲ್ಲಿ ಕೋಶಗಳು ಬಿಡುವಿಲ್ಲದೆ ಹುಟ್ಟುತ್ತವೆ, ಕ್ಯಾನ್ಸರ್ ಗಡ್ಡೆಯ ಹಾಗೆ. ಒಂದೇ ಸಲಕ್ಕೆ ಕಿರಣ ಬಿಟ್ಟು ವೀರ್ಯೋತ್ಪತ್ತಿ ನಿಲ್ಲಿಸಲು ಹೋದರೆ ಮೇಲಿನ ಚರ್ಮ ಹಾಳಾಗುತ್ತಿತ್ತು. ದಿನಗಳ ಮೇಲೆ ಹಂಚಿ ಕೊಟ್ಟಾಗ ವೀರ್ಯೋತ್ಪತ್ತಿ ನಿಂತಿತು, ಚರ್ಮ ಉಳಿಯಿತು! ಅದೇ ಊರಿನಲ್ಲಿದ್ದ ಆನ್ರಿ ಕೂಟಾರ್ ಈ ಪಾಠವನ್ನು ಗಂಟಲಿನ ಕ್ಯಾನ್ಸರ್ ರೋಗಿಗಳಿಗೆ ಅನ್ವಯಿಸಿದರು. ಧ್ವನಿಪೆಟ್ಟಿಗೆಯ ಮುಂದುವರಿದ ಕ್ಯಾನ್ಸರ್ ಕೂಡ ಭಯಂಕರ ಗಾಯಗಳಿಲ್ಲದೆ ಹಿಡಿತಕ್ಕೆ ಬರಬಲ್ಲದು ಎಂದು 1922ರಲ್ಲಿ ತೋರಿಸಿದರು. ಇಂದು ಪ್ರಪಂಚದ ಯಾವ ಮೂಲೆಯಲ್ಲಿ ರೇಡಿಯೇಷನ್ ಕೊಟ್ಟರೂ ಆ ಟಗರುಗಳ ಋಣ ಅದರಲ್ಲಿದೆ.

ಒಂದು ದಿನದ ಬಿಡುವಿನಲ್ಲಿ ಆರೋಗ್ಯವಂತ ಕೋಶ ತನ್ನ ಗಾಯವನ್ನು ಹೊಲಿದುಕೊಳ್ಳುತ್ತದೆ. ಕ್ಯಾನ್ಸರ್ ಕೋಶಕ್ಕೆ ಆ ಹೊಲಿಗೆ ಅಷ್ಟು ಚೆನ್ನಾಗಿ ಬರುವುದಿಲ್ಲ. ದಿನದ ಪಾಲು ಚಿಕ್ಕದಾದಷ್ಟೂ ಈ ವ್ಯತ್ಯಾಸದ ಲಾಭ ಹೆಚ್ಚು ಎಂದು ದಶಕಗಳ ಕಾಲ ನಂಬಿದ್ದೆವು. ಸ್ತನದ ವಿಷಯದಲ್ಲಿ ನಂಬಿಕೆ ಸಡಿಲವಾದದ್ದು ಇಲ್ಲಿ: ಸ್ತನದ ಕ್ಯಾನ್ಸರ್ ಕೋಶವೂ ಹೆಚ್ಚುಕಡಿಮೆ ಸುತ್ತಲಿನ ಅಂಗಾಂಶದಂತೆಯೇ ಹೊಲಿದುಕೊಳ್ಳಬಲ್ಲದು ಎಂದು ಆ ಅಧ್ಯಯನಗಳು ತೋರಿಸಿದವು. ಹಾಗಿದ್ದಾಗ ಪಾಲನ್ನು ಚಿಕ್ಕದು ಮಾಡಿ ಐದು ವಾರ ಎಳೆದರೆ ಚರ್ಮದ ಜೊತೆ ಶತ್ರುವಿಗೂ ಬಿಡುವು ಕೊಟ್ಟಂತೆಯೇ. ದಿನದ ಪಾಲನ್ನು ತುಸು ಏರಿಸಿ, ಒಟ್ಟು ಮೊತ್ತವನ್ನು ಇಳಿಸಿದರೆ ಆಯಿತು.

ಈ ದಾರಿಯಲ್ಲಿ ಇನ್ನೂ ಮುಂದೆ ಹೋಗಿದ್ದಾರೆ. 'ಫಾಸ್ಟ್-ಫಾರ್ವರ್ಡ್' ಎಂಬ ಅಧ್ಯಯನದ ಐದು ವರ್ಷದ ಫಲಿತಾಂಶ 2020ರಲ್ಲಿ ಬಂತು. 4,096 ಮಂದಿ. 15 ದಿನಕ್ಕೆ 40 ಗ್ರೇ ಒಂದು ಗುಂಪು. ಐದೇ ದಿನಕ್ಕೆ 27 ಗ್ರೇ ಇನ್ನೊಂದು, ಐದೇ ದಿನಕ್ಕೆ 26 ಗ್ರೇ ಮತ್ತೊಂದು. ಕಾಯಿಲೆ ತಡೆಯುವುದರಲ್ಲಿ ಐದು ದಿನದ ಎರಡೂ ಕ್ರಮ ಹಿಂದೆ ಬೀಳಲಿಲ್ಲ. ಆದರೆ 27 ಗ್ರೇ ಪಡೆದವರಲ್ಲಿ ಅಂಗಾಂಶದ ತೊಂದರೆ ಹೆಚ್ಚು ಕಾಣಿಸಿತು, 26ರಲ್ಲಿ 40 ಗ್ರೇ ಗುಂಪಿನಷ್ಟೇ ಇತ್ತು. ಒಂದೇ ಒಂದು ಗ್ರೇ ವ್ಯತ್ಯಾಸ! ಬೆಳಿಗ್ಗೆ ಏಳಕ್ಕೆ ಬಂದು ನೀರಿನ ತೊಟ್ಟಿಯಲ್ಲಿ ಅಳತೆ ಕಡ್ಡಿ ಇಳಿಸಿ ಕಿರಣದ ಪ್ರಮಾಣ ಶೇ 1 ಹೆಚ್ಚುಕಡಿಮೆಯಾದರೂ ಮತ್ತೆ ಮತ್ತೆ ಅಳೆಯುವುದು ಯಾಕೆ ಎಂದು ಹೊಸಬರು ಕೇಳಿದಾಗ ನಾನು ಈ ಅಧ್ಯಯನವನ್ನೇ ತೋರಿಸುತ್ತೇನೆ.

ದನಿ ಉಳಿದವನು

ಅಳತೆಗಾರರು ಗಂಟಲಿನ ಕ್ಯಾನ್ಸರ್ ಎಂದದ್ದಕ್ಕೆ ಬರೆಯುತ್ತಿದ್ದೇನೆ. ನಾನು ಮೇಷ್ಟರು. ಆರು ವರ್ಷದ ಹಿಂದೆ ಧ್ವನಿಪೆಟ್ಟಿಗೆಯ ಕ್ಯಾನ್ಸರ್ ಎಂದಾಗ ನನಗೆ ಮೊದಲು ಬಂದ ಯೋಚನೆ ಸಾವಿನದಲ್ಲ, ಇನ್ನು ಪಾಠ ಹೇಳುವುದು ಹೇಗೆ ಎಂಬುದು. ಪೆಟ್ಟಿಗೆಯನ್ನೇ ತೆಗೆದು ಕತ್ತಿನಲ್ಲಿ ತೂತು ಇಡುತ್ತಾರೆ ಎಂದು ಕೇಳಿದ್ದೆ. ವೈದ್ಯರು ಏಳು ವಾರ ರೇಡಿಯೇಷನ್, ಜೊತೆಗೆ ಕೀಮೋ ಎಂದರು.

ತಲೆ ಅಲುಗದಂತೆ ಹಿಡಿಯುವ ಮಾಸ್ಕ್ ಬಗ್ಗೆ ಯಾರೂ ಮೊದಲೇ ಹೇಳಿರಲಿಲ್ಲ, ಅದನ್ನು ಹೇಳುತ್ತೇನೆ. ತೂತು ತೂತಾದ ಬಿಳಿ ಪ್ಲಾಸ್ಟಿಕ್ ಹಾಳೆಯನ್ನು ಬಿಸಿನೀರಿನಲ್ಲಿ ಅದ್ದಿ ಮೆತ್ತಗೆ ಮಾಡಿ ಮುಖದ ಮೇಲೆ ಎಳೆದು ಕೂರಿಸುತ್ತಾರೆ. ಒದ್ದೆ ಬಟ್ಟೆ ಹೊದಿಸಿದಂತೆ ಬೆಚ್ಚಗಿರುತ್ತದೆ. ಕೆಲವೇ ನಿಮಿಷದಲ್ಲಿ ಮೂಗು, ತುಟಿ, ಗದ್ದದ ಅಚ್ಚು ತೆಗೆದುಕೊಂಡು ಗಟ್ಟಿಯಾಗುತ್ತದೆ. ಆಮೇಲೆ ಪ್ರತಿದಿನ ಅದನ್ನೇ ಮುಖಕ್ಕೆ ಹಾಕಿ ಮಂಚದ ಹಲಗೆಗೆ ಟಕ್ ಟಕ್ ಎಂದು ಕಚ್ಚಿಸುತ್ತಾರೆ. ಮೊದಲ ದಿನ ಉಸಿರು ಕಟ್ಟಿದಂತಾಗಿ ಕೈ ಎತ್ತಿದೆ. ತಕ್ಷಣ ಬಾಗಿಲು ತೆರೆದು ಬಂದು ಬಿಚ್ಚಿದರು. ಎರಡನೆಯ ದಿನದಿಂದ ಮನಸ್ಸಿನಲ್ಲೇ ಮಗ್ಗಿ ಹೇಳಿಕೊಳ್ಳತೊಡಗಿದೆ. ಹದಿನೇಳರ ಮಗ್ಗಿ ಮುಗಿಯುವುದರೊಳಗೆ ಯಂತ್ರ ಒಂದು ಸುತ್ತು ಬಂದಿರುತ್ತಿತ್ತು.

ನಾಲ್ಕನೆಯ ವಾರದಿಂದ ಎಂಜಲು ನುಂಗುವುದೂ ಕಷ್ಟವಾಯಿತು. ಬಾಯಿ ಇಂದಿಗೂ ಒಣಗುತ್ತದೆ, ನೀರಿನ ಬಾಟಲಿ ಇಲ್ಲದೆ ತರಗತಿಗೆ ಹೋಗುವುದಿಲ್ಲ. ಆದರೆ ಪಾಠ ನನ್ನ ದನಿಯಲ್ಲೇ ನಡೆಯುತ್ತಿದೆ. ಇದು ಯಾರ ಸಂಶೋಧನೆಯಿಂದ ಆಯಿತು ಎಂದು ತಿಳಿಯುವ ಆಸೆ ಇದೆ.

ರೇಡಿಯೇಷನ್ ವೈದ್ಯೆ

ಮೇಷ್ಟರೇ, ನಿಮ್ಮ ಚಿಕಿತ್ಸೆಯ ಬೇರು 1991ರಲ್ಲಿ ಅಮೆರಿಕದಲ್ಲಿ ಪ್ರಕಟವಾದ ಒಂದು ಅಧ್ಯಯನದಲ್ಲಿದೆ. ಮಾಜಿ ಸೈನಿಕರ ಆಸ್ಪತ್ರೆಗಳಲ್ಲಿ ಧ್ವನಿಪೆಟ್ಟಿಗೆಯ ಮುಂದುವರಿದ ಕ್ಯಾನ್ಸರ್ ಇದ್ದ 332 ಮಂದಿಯನ್ನು ಎರಡು ಗುಂಪು ಮಾಡಿದರು. ಒಂದು ಗುಂಪಿಗೆ ಪೆಟ್ಟಿಗೆ ತೆಗೆದು ರೇಡಿಯೇಷನ್. ಇನ್ನೊಂದಕ್ಕೆ ಮೊದಲು ಕೀಮೋ ಕೊಟ್ಟು, ಗಡ್ಡೆ ಕುಗ್ಗಿದರೆ ರೇಡಿಯೇಷನ್, ಕುಗ್ಗದಿದ್ದರೆ ಶಸ್ತ್ರಚಿಕಿತ್ಸೆ. ಬದುಕುಳಿಯುವ ಪ್ರಮಾಣ ಎರಡರಲ್ಲೂ ಒಂದೇ. ಎರಡನೆಯ ಗುಂಪಿನಲ್ಲಿ ಶೇ 64 ಮಂದಿಗೆ ಧ್ವನಿಪೆಟ್ಟಿಗೆ ಉಳಿಯಿತು. ಕೀಮೋವನ್ನು ರೇಡಿಯೇಷನ್ ಜೊತೆಜೊತೆಗೇ ಕೊಡುವುದು ಆಮೇಲೆ ಬಂದ ಸುಧಾರಣೆ, ನಿಮಗೆ ಸಿಕ್ಕಿದ್ದು ಅದು.

ಸ್ತನವನ್ನು ಉಳಿಸುವ ಶಸ್ತ್ರಚಿಕಿತ್ಸೆಯ ಕಥೆಯೂ ಇಂಥದ್ದೇ. ಗಡ್ಡೆಯನ್ನಷ್ಟೇ ತೆಗೆದು ರೇಡಿಯೇಷನ್ ಕೊಟ್ಟರೂ, ಇಡೀ ಸ್ತನ ತೆಗೆದರೂ ಆಯುಷ್ಯದಲ್ಲಿ ವ್ಯತ್ಯಾಸವಿಲ್ಲ ಎಂದು ಅಮೆರಿಕದ ಬರ್ನಾರ್ಡ್ ಫಿಶರ್ ಮತ್ತು ಇಟಲಿಯ ಉಂಬರ್ಟೊ ವೆರೊನೇಸಿ ಅವರ ತಂಡಗಳು 2002ರಲ್ಲಿ ಇಪ್ಪತ್ತು ವರ್ಷದ ಫಲಿತಾಂಶಗಳೊಂದಿಗೆ ತೋರಿಸಿದವು.

ಒಂಟಿ ದೋಣಿ

ನಿಮ್ಮೆಲ್ಲರ ಮಾತು ಓದಿದೆ. ಕೋಪದಿಂದ ಬರೆಯುತ್ತಿಲ್ಲ, ನೋವಿನಿಂದ ಬರೆಯುತ್ತಿದ್ದೇನೆ. ನನ್ನ ತಮ್ಮನಿಗೆ ಮಿದುಳಿನಲ್ಲಿ ಗ್ಲಯೋಬ್ಲಾಸ್ಟೋಮಾ ಎಂಬ ಕ್ಯಾನ್ಸರ್ ಗಡ್ಡೆ ಆಗಿತ್ತು. 30 ಸಿಟ್ಟಿಂಗ್ ರೇಡಿಯೇಷನ್, ಜೊತೆಗೆ ಮಾತ್ರೆ. ಹದಿನಾರನೆಯ ತಿಂಗಳಲ್ಲಿ ಹೋದ. ಅವನಿಗೆ ಮೂವತ್ತೆಂಟು. ಉಳಿದವರು ಉಳಿದ ಕಥೆ ಹೇಳುತ್ತಾರೆ. ಹೋದವರ ಕಥೆ ಯಾರು ಹೇಳಬೇಕು? ಇಷ್ಟು ವರ್ಷದ ಸಂಶೋಧನೆ ನನ್ನ ತಮ್ಮನಿಗೆ ಕೊಟ್ಟದ್ದೇನು? ಇನ್ನೂ ಹೆಚ್ಚು ಕೊಟ್ಟಿದ್ದರೆ ಉಳಿಯುತ್ತಿದ್ದನೇ ಎಂಬ ಪ್ರಶ್ನೆ ನನ್ನನ್ನು ಬಿಟ್ಟಿಲ್ಲ.

ರೇಡಿಯೇಷನ್ ವೈದ್ಯೆ

ಒಂಟಿ ದೋಣಿ ಅವರೇ, ನಿಮ್ಮ ಪ್ರಶ್ನೆಯನ್ನು ತೇಲಿಸಿ ಉತ್ತರಿಸಲಾರೆ. ನನ್ನ ಕೆಲಸದಲ್ಲಿ ಅತಿ ಕಷ್ಟದ ಕಾಯಿಲೆ ಅದು.

1978ರಲ್ಲಿ ಪ್ರಕಟವಾದ ಒಂದು ಅಧ್ಯಯನದಲ್ಲಿ ಇಂಥ ಮಿದುಳು ಗಡ್ಡೆಯ ಶಸ್ತ್ರಚಿಕಿತ್ಸೆಯ ನಂತರ ಆರೈಕೆ ಮಾತ್ರ ಪಡೆದವರಲ್ಲಿ ಅರ್ಧ ಮಂದಿ 14 ವಾರಗಳೊಳಗೆ ತೀರಿಕೊಂಡಿದ್ದರು. ರೇಡಿಯೇಷನ್ ಪಡೆದವರಲ್ಲಿ ಆ ಅವಧಿ ಸುಮಾರು 35 ವಾರ. 2005ರಲ್ಲಿ 573 ರೋಗಿಗಳ ಅಧ್ಯಯನವೊಂದು ರೇಡಿಯೇಷನ್ ಜೊತೆಗೆ ಟೆಮೊಜೊಲೊಮೈಡ್ ಮಾತ್ರೆ ಸೇರಿಸಿದಾಗ ಅದು 12.1 ತಿಂಗಳಿನಿಂದ 14.6ಕ್ಕೆ ಏರುತ್ತದೆ ಎಂದು ತೋರಿಸಿತು. ಎರಡು ವರ್ಷ ದಾಟಿದವರು ಶೇ 10.4 ಇದ್ದದ್ದು ಶೇ 26.5 ಆಯಿತು. ನಿಮ್ಮ ತಮ್ಮನಿಗೆ ಕೊಟ್ಟದ್ದು ಈ ಚಿಕಿತ್ಸೆಯೇ. ಅಂಕಿಗಳಿಂದ ನಿಮ್ಮ ಮನೆ ತುಂಬುವುದಿಲ್ಲ ಎಂದು ಬಲ್ಲೆ. ಅವರ ಹದಿನಾರು ತಿಂಗಳಲ್ಲಿ ಎಷ್ಟು ತಿಂಗಳು ಈ ಚಿಕಿತ್ಸೆಯಿಂದ ಬಂದವು ಎಂದು ಒಬ್ಬ ಮನುಷ್ಯನ ವಿಷಯದಲ್ಲಿ ಹೇಳಲು ಯಾರಿಂದಲೂ ಸಾಧ್ಯವಿಲ್ಲ.

ಇನ್ನೂ ಹೆಚ್ಚು ಕೊಟ್ಟಿದ್ದರೆ ಎಂಬುದಕ್ಕೆ ಮಾತ್ರ ನಾನು ಖಚಿತವಾಗಿ ಉತ್ತರಿಸಬಲ್ಲೆ. ಗ್ಲಯೋಬ್ಲಾಸ್ಟೋಮಾದಲ್ಲಿ 60 ಗ್ರೇ ದಾಟಿ ಏರಿಸಿ ನೋಡಿದ್ದಾರೆ, ಆಯುಷ್ಯ ಹೆಚ್ಚಲಿಲ್ಲ. ಶ್ವಾಸಕೋಶದ ಮೂರನೆಯ ಹಂತದ ಕ್ಯಾನ್ಸರ್‌ನಲ್ಲಂತೂ ಪಾಠ ಇನ್ನೂ ಕಠಿಣವಾಗಿತ್ತು. 60 ಗ್ರೇ ಬದಲು 74 ಕೊಟ್ಟರೆ ಹೆಚ್ಚು ಜನ ಬದುಕುತ್ತಾರೆ ಎಂದು ನಮ್ಮ ಕ್ಷೇತ್ರದ ದೊಡ್ಡ ದೊಡ್ಡವರೇ ನಂಬಿದ್ದರು. 2015ರಲ್ಲಿ ಫಲಿತಾಂಶ ಬಂತು. 60 ಗ್ರೇ ಪಡೆದವರಲ್ಲಿ ಅರ್ಧ ಮಂದಿ ಬದುಕಿದ್ದ ಅವಧಿ 28.7 ತಿಂಗಳು, 74 ಪಡೆದವರಲ್ಲಿ 20.3. ಹೆಚ್ಚು ಕೊಟ್ಟದ್ದೇ ಮುಳುವಾಯಿತು. ಆ ಅಧ್ಯಯನ ನಡೆಯದೇ ಹೋಗಿದ್ದರೆ ನಾನೂ ಇಂದು ಒಳ್ಳೆಯದೆಂದು ತಿಳಿದು 74 ಕೊಡುತ್ತಿದ್ದೆನೋ ಏನೋ. ಆ ಯೋಚನೆ ಬಂದಾಗ ಇಂದಿಗೂ ಮೈ ಜುಮ್ಮೆನ್ನುತ್ತದೆ.

ನಿಮ್ಮ ತಮ್ಮನಿಗೆ ಚಿಕಿತ್ಸೆ ಕಡಿಮೆಯಾದದ್ದರಿಂದ ನೀವು ಅವರನ್ನು ಕಳೆದುಕೊಂಡದ್ದಲ್ಲ. ದಯವಿಟ್ಟು ಆ ಭಾರವನ್ನು ಕೆಳಗಿಡಿ.

ಒಂಟಿ ದೋಣಿ

ಕೊನೆಯ ಸಾಲನ್ನು ನಾಲ್ಕು ಸಲ ಓದಿದೆ. ಧನ್ಯವಾದ ಮೇಡಂ. ಅವನು ಆ ಹದಿನಾರು ತಿಂಗಳಲ್ಲಿ ಮಗಳಿಗೆ ಸೈಕಲ್ ಕಲಿಸಿದ್ದ. ಅದನ್ನು ಹೇಳಬೇಕೆನಿಸಿತು.

ಇನ್ನೊಂದು ಕೇಳುತ್ತೇನೆ. ಮಿದುಳಿನ ಈ ಗಡ್ಡೆ ಯಾಕೆ ಬಗ್ಗುವುದಿಲ್ಲ?

ಅಳತೆಗಾರ

ಕಾರಣ ಹಲವು. ಗಡ್ಡೆಯ ಕೋಶಗಳು ಸ್ಕ್ಯಾನ್‌ನಲ್ಲಿ ಕಾಣುವ ಗೆರೆಯಾಚೆಗೂ ಬೇರಿನಂತೆ ಹಬ್ಬಿರುತ್ತವೆ. ಅಲ್ಲಿಗೆಲ್ಲ ಪೂರ್ತಿ ಪ್ರಮಾಣ ಕೊಟ್ಟರೆ ಮಿದುಳೇ ಉಳಿಯುವುದಿಲ್ಲ. ನನ್ನನ್ನು ಹೆಚ್ಚು ಕಾಡುವ ಕಾರಣ ಆಮ್ಲಜನಕದ್ದು. ಆಮ್ಲಜನಕ ಇದ್ದಲ್ಲಿ ಡಿಎನ್ಎಯ ಗಾಯ ಕಾಯಂ ಆಗುತ್ತದೆ, ಇಲ್ಲದಿದ್ದಲ್ಲಿ ಮಾಸಿಬಿಡುತ್ತದೆ. ಉಸಿರುಗಟ್ಟಿದ ಕೋಶವನ್ನು ಕೊಲ್ಲಲು ಸುಮಾರು ಮೂರು ಪಟ್ಟು ಕಿರಣ ಬೇಕು. ಇದನ್ನು 1953ರಲ್ಲಿ ಬ್ರಿಟನ್ನಿನ ಲೂಯಿ ಹೆರಾಲ್ಡ್ ಗ್ರೇ ಮತ್ತು ಸಂಗಡಿಗರು ಸ್ಪಷ್ಟಪಡಿಸಿದರು. ನಮ್ಮ ಅಳತೆಯ ಮಾನಕ್ಕೆ ಹೆಸರು ಬಂದದ್ದು ಅವರಿಂದಲೇ. ಎರಡು ವರ್ಷದ ನಂತರ ಅವರೂ ಟಾಮ್ಲಿನ್‌ಸನ್ ಎಂಬುವರೂ ಶ್ವಾಸಕೋಶದ ಗಡ್ಡೆಯ ತೆಳು ಸೀಳುಗಳನ್ನು ಸೂಕ್ಷ್ಮದರ್ಶಕದಲ್ಲಿ ನೋಡುತ್ತಾ, ರಕ್ತ ತಲುಪುವ ಜಾಗದಿಂದ ಸುಮಾರು 150 ಮೈಕ್ರಾನ್ ಒಳಗೆ ಹೋದರೆ ಗಡ್ಡೆಯ ಕೋಶಗಳು ಸತ್ತಿರುವುದನ್ನು ಕಂಡರು. ಎರಡು ತಲೆಗೂದಲಿನ ದಪ್ಪವಷ್ಟೇ. ಬದುಕಿದ ಕೋಶಕ್ಕೂ ಸತ್ತ ಕೋಶಕ್ಕೂ ನಡುವಿನ ಅಂಚಿನಲ್ಲಿ ಅರೆಜೀವವಾಗಿರುವ ಕೋಶಗಳೇ ರೇಡಿಯೇಷನ್ನಿಗೆ ಜಗ್ಗದವು. ರೋಗಿಗಳನ್ನು ಒತ್ತಡದ ಆಮ್ಲಜನಕ ತುಂಬಿದ ಕೊಳವೆಯೊಳಗೆ ಮಲಗಿಸಿ ಕಿರಣ ಬಿಟ್ಟು ನೋಡಿದ್ದರು, ಆಮ್ಲಜನಕದ ಕೆಲಸವನ್ನು ಅನುಕರಿಸುವ ಔಷಧಿಗಳನ್ನೂ ಕೊಟ್ಟು ನೋಡಿದ್ದರು. ಅಲ್ಲೊಂದು ಇಲ್ಲೊಂದು ಗೆಲುವು ಬಿಟ್ಟರೆ ಈ ಗಂಟು ಇನ್ನೂ ಬಿಚ್ಚಿಕೊಂಡಿಲ್ಲ. ದಿನಕ್ಕಿಷ್ಟು ಎಂದು ಹಂಚುವುದರಿಂದ ಒಂದು ಲಾಭವಿದೆ: ಹೊರಗಿನ ಕೋಶಗಳು ಸತ್ತಂತೆ ಒಳಗಿನವುಗಳಿಗೆ ಉಸಿರು ಸಿಗುತ್ತದೆ, ಮರುದಿನ ಅವೂ ಕಿರಣಕ್ಕೆ ಸಿಗುತ್ತವೆ.

ಹೊಳೆದಂಡೆ

ಮಧ್ಯೆ ಬಾಯಿ ಹಾಕುತ್ತಿದ್ದೇನೆ, ಕ್ಷಮಿಸಿ. ಒಂದು ಸೆಕೆಂಡಿನೊಳಗೆ ರೇಡಿಯೇಷನ್ ಮುಗಿಸುವ ಫ್ಲ್ಯಾಶ್ ಎಂಬ ವಿಧಾನ ಬಂದಿದೆಯಂತೆ. ಹಾಗಿದ್ದರೆ 15 ದಿನವೂ ಬೇಡವಲ್ಲ? ಅದು ಸಿಗುವವರೆಗೆ ಕಾಯಬಹುದೇ?

ಅಳತೆಗಾರ

ಕಾಯಬೇಡಿ. ಯಾರೂ ಕಾಯಬಾರದು.

ಫ್ಲ್ಯಾಶ್ ನಿಜವಾದ ವಿಷಯವೇ, ನನಗೂ ಅದರ ಮೇಲೆ ಬಹಳ ಆಸೆ ಇದೆ. ಸಾಮಾನ್ಯ ಯಂತ್ರ ನಿಮಿಷಕ್ಕೆ ಕೆಲವು ಗ್ರೇ ಕೊಡುತ್ತದೆ. ಫ್ಲ್ಯಾಶ್‌ನಲ್ಲಿ ಸೆಕೆಂಡಿಗೆ 40 ಗ್ರೇಗೂ ಮೇಲೆ. ಹಾಗೆ ಕೊಟ್ಟಾಗ ಇಲಿಗಳ ಶ್ವಾಸಕೋಶ ಹಾಳಾಗಲಿಲ್ಲ, ಗಡ್ಡೆ ಮಾತ್ರ ಎಂದಿನಂತೆ ಕುಗ್ಗಿತು ಎಂದು 2014ರಲ್ಲಿ ಫ್ರಾನ್ಸ್‌ನ ತಂಡವೊಂದು ಪ್ರಕಟಿಸಿತು. ಸ್ವಿಟ್ಜರ್‌ಲೆಂಡಿನ ಲೊಸಾನ್‌ನಲ್ಲಿ ಚರ್ಮದ ಲಿಂಫೋಮಾ (ಒಂದು ಬಗೆಯ ಕ್ಯಾನ್ಸರ್) ಇದ್ದ ವೃದ್ಧರೊಬ್ಬರಿಗೆ 15 ಗ್ರೇಯನ್ನು 90 ಮಿಲಿಸೆಕೆಂಡಿನಲ್ಲಿ ಕೊಟ್ಟ ವರದಿ 2019ರಲ್ಲಿ ಬಂತು. ಮೂಳೆಗೆ ಹರಡಿದ ಕ್ಯಾನ್ಸರ್‌ನ ನೋವಿಗೆ ಹತ್ತು ಮಂದಿಗೆ ಎಕ್ಸ್-ರೇ ಬದಲು ಪ್ರೋಟಾನ್ ಕಣಗಳಿಂದ ಫ್ಲ್ಯಾಶ್ ಕೊಟ್ಟ ಪುಟ್ಟ ಅಧ್ಯಯನವೂ ಆಗಿದೆ. ಅಂಗಾಂಶ ಯಾಕೆ ಉಳಿಯುತ್ತದೆ ಎಂಬುದರ ಬಗ್ಗೆ ವಿಜ್ಞಾನಿಗಳಲ್ಲೇ ಒಮ್ಮತವಿಲ್ಲ. ದೇಹದ ಆಳದಲ್ಲಿರುವ ಗಡ್ಡೆಗೆ ಅಷ್ಟು ವೇಗದಲ್ಲಿ ಕೊಡಬಲ್ಲ ಯಂತ್ರ, ಆ ವೇಗವನ್ನು ನಂಬಿಕೆಯಿಂದ ಅಳೆಯಬಲ್ಲ ಉಪಕರಣ, ಎರಡೂ ಇನ್ನೂ ತಯಾರಾಗುತ್ತಿವೆ.

ದನಿ ಉಳಿದವನು

ನನ್ನ ಚಿಕಿತ್ಸೆಯ ಸಮಯದಲ್ಲಿ ಒಂದು ಟ್ರಯಲ್‌ಗೆ ಸೇರುತ್ತೀರಾ ಎಂದು ಕೇಳಿದ್ದರು. ಮನೆಯವರು 'ನಿಮ್ಮನ್ನು ಪ್ರಯೋಗದ ಇಲಿ ಮಾಡುತ್ತಾರೆ' ಎಂದು ತಡೆದರು. ನಾನೂ ಬೇಡವೆಂದೆ. ಈಗ ಈ ಚರ್ಚೆ ಓದುವಾಗ ಒಳಗೇ ಚುಚ್ಚುತ್ತಿದೆ. ಯಾರೋ 332 ಜನ ಹೂಂ ಎಂದದ್ದಕ್ಕೆ ನನ್ನ ದನಿ ಉಳಿಯಿತಲ್ಲ.

ರೇಡಿಯೇಷನ್ ವೈದ್ಯೆ

ಬೇಡ ಎನ್ನುವುದು ನಿಮ್ಮ ಹಕ್ಕು ಮೇಷ್ಟರೇ, ಅದಕ್ಕಾಗಿ ನೊಂದುಕೊಳ್ಳಬೇಡಿ. ಹೂಂ ಎನ್ನುವವರಿಗೆ ನಾನು ಹೇಳುವುದು ಇಷ್ಟು. ಇಂಥ ಟ್ರಯಲ್‌ಗಳಲ್ಲಿ ಹೋಲಿಕೆಯ ಗುಂಪಿಗೆ ಅಂದಿನ ಮಟ್ಟಿಗೆ ಅತ್ಯುತ್ತಮವೆಂದು ಒಪ್ಪಿರುವ ಚಿಕಿತ್ಸೆಯೇ ಸಿಗುತ್ತದೆ. ಯಾವಾಗ ಬೇಕಾದರೂ ಕಾರಣ ಹೇಳದೆ ಹೊರಬರಬಹುದು. ಹೊಸದು ಒಳ್ಳೆಯದೇ ಇರುತ್ತದೆ ಎಂಬ ಖಾತರಿಯನ್ನು ಮಾತ್ರ ಯಾರೂ ಕೊಡಲಾರರು, ಕೊಟ್ಟರೆ ಆ ಟ್ರಯಲ್ಲೇ ಬೇಕಿಲ್ಲ. ಒಪ್ಪಿಗೆ ಪತ್ರವನ್ನು ಮನೆಗೆ ಒಯ್ದು ಓದಿ, ಅರ್ಥವಾಗದ ಸಾಲಿಗೆ ಗೆರೆ ಎಳೆದುಕೊಂಡು ಬಂದು ಕೇಳಿ. ಅವಸರ ಮಾಡುವವರ ಮುಂದೆ ಸಹಿ ಹಾಕಬೇಡಿ.

ರೇಡಿಯೇಷನ್ ಬೇಡವೇ ಬೇಡ ಎಂದು ತೋರಿಸಲೂ ಟ್ರಯಲ್ ನಡೆದಿದೆ. 65 ದಾಟಿದ, ಸಣ್ಣ ಗಡ್ಡೆಯ, ಗ್ರಂಥಿಗಳಿಗೆ ಹರಡದ, ಹಾರ್ಮೋನ್ ಮಾತ್ರೆ ತೆಗೆದುಕೊಳ್ಳುವ 1,326 ಮಹಿಳೆಯರ ಅಧ್ಯಯನದ ಹತ್ತು ವರ್ಷದ ಫಲಿತಾಂಶ 2023ರಲ್ಲಿ ಬಂತು. ರೇಡಿಯೇಷನ್ ಇಲ್ಲದವರಲ್ಲಿ ಅದೇ ಸ್ತನದಲ್ಲಿ ಮರಳಿದ್ದು ಶೇ 9.5, ಪಡೆದವರಲ್ಲಿ ಶೇ 0.9. ಆದರೆ ಬದುಕುಳಿದವರ ಪ್ರಮಾಣ ಎರಡರಲ್ಲೂ ಸುಮಾರು ಶೇ 81. ಈ ಎರಡು ಸಂಗತಿಗಳನ್ನು ಮುಂದಿಟ್ಟರೆ ಒಬ್ಬರು ರೇಡಿಯೇಷನ್ ಬೇಕೆನ್ನುತ್ತಾರೆ, ಇನ್ನೊಬ್ಬರು ಬೇಡವೆನ್ನುತ್ತಾರೆ. ಇಬ್ಬರೂ ಸರಿ. ಆರಿಸುವ ಸ್ವಾತಂತ್ರ್ಯವನ್ನು ಅವರ ಕೈಗಿಟ್ಟದ್ದು ಆ 1,326 ಮಂದಿ.

ಕನ್ಸೋಲ್ ಮುಂದೆ

ನಾನು ಯಂತ್ರ ನಡೆಸುವ ಟೆಕ್ನಾಲಜಿಸ್ಟ್. ಬೆಳಗಿನ ಬಿಸಿಲು ಅವರ ಅಕ್ಕನದು ಎಡಭಾಗ ಎಂದದ್ದನ್ನು ನೋಡಿ ಬರೆಯುತ್ತಿದ್ದೇನೆ. ಎಡಸ್ತನದ ಹಿಂದೆಯೇ ಹೃದಯವಿದೆ. ಸ್ವೀಡನ್ ಮತ್ತು ಡೆನ್ಮಾರ್ಕ್‌ನ ಮಹಿಳೆಯರ ದಾಖಲೆಗಳನ್ನು ಅಭ್ಯಾಸ ಮಾಡಿ 2013ರಲ್ಲಿ ಪ್ರಕಟಿಸಿದ ಅಧ್ಯಯನದ ಪ್ರಕಾರ, ಹೃದಯಕ್ಕೆ ಬೀಳುವ ಸರಾಸರಿ ಪ್ರಮಾಣ ಒಂದೊಂದು ಗ್ರೇ ಏರಿದಂತೆ ಹೃದಯಾಘಾತದಂಥ ತೊಂದರೆಯ ಸಂಭವ ಶೇ 7.4ರಷ್ಟು ಏರುತ್ತದೆ. ಅದಕ್ಕೇ ಉಸಿರು ಹಿಡಿಯುವ ಕ್ರಮವನ್ನು ಬಳಸುತ್ತೇವೆ. ಎದೆ ತುಂಬಾ ಉಸಿರು ಎಳೆದುಕೊಂಡರೆ ಶ್ವಾಸಕೋಶ ಉಬ್ಬಿ ಹೃದಯ ಹಿಂದಕ್ಕೂ ಕೆಳಕ್ಕೂ ಸರಿಯುತ್ತದೆ. ಆ ಕೆಲವು ಸೆಕೆಂಡು ಮಾತ್ರ ಕಿರಣ ಬಿಡುತ್ತೇವೆ. ರೋಗಿ ಉಸಿರು ಬಿಟ್ಟ ಕೂಡಲೇ ಕಿರಣ ನಿಲ್ಲಿಸುತ್ತೇವೆ.

ಅಕ್ಕನಿಗೆ ಇದು ಹೊಂದುತ್ತದೆಯೇ ಎಂದು ಪ್ಲಾನಿಂಗ್ ಸ್ಕ್ಯಾನ್‌ಗೆ ಮೊದಲೇ ಕೇಳಿ. ಹೌದೆಂದರೆ ಇಂದಿನಿಂದಲೇ ಮನೆಯಲ್ಲಿ ಅಭ್ಯಾಸ ಮಾಡಿಸಿ. ಬೆನ್ನ ಮೇಲೆ ಮಲಗಿ, ಎರಡೂ ಕೈ ತಲೆಯ ಮೇಲಕ್ಕೆ, ಹೊಟ್ಟೆಗಿಂತ ಎದೆ ಏಳುವಂತೆ ಉಸಿರು ಎಳೆದು ಇಪ್ಪತ್ತು ಎಣಿಸುವವರೆಗೆ ಹಿಡಿಯಬೇಕು. ಬೆನ್ನು ಕಮಾನಾಗಬಾರದು, ಎಲ್ಲರೂ ಮಾಡುವ ತಪ್ಪು ಅದೇ. ಕೊಠಡಿಯಲ್ಲಿ ಅವರು ಒಬ್ಬರೇ ಇರುತ್ತಾರೆ ನಿಜ, ಆದರೆ ಕ್ಯಾಮೆರಾದಲ್ಲಿ ನಮ್ಮ ಕಣ್ಣು ಅವರ ಮೇಲೇ ಇರುತ್ತದೆ. ಮೈಕ್‌ನಲ್ಲಿ ನಮ್ಮ ದನಿ ಕೇಳುತ್ತಿರುತ್ತದೆ.

ಬೆಳಗಿನ ಬಿಸಿಲು

ಹನ್ನೆರಡು ದಿನಗಳ ನಂತರ ಬರೆಯುತ್ತಿದ್ದೇನೆ, ತಡವಾಯಿತು. ನೀವು ಹೇಳಿದಂತೆ ಕೇಳಿದೆ. ಅಕ್ಕನಿಗೆ ಉಸಿರು ಹಿಡಿಯುವ ಕ್ರಮದಲ್ಲೇ ಕೊಡುತ್ತಿದ್ದಾರೆ. 15 ದಿನ, 40 ಗ್ರೇ, ವೈದ್ಯೆಯವರು ಊಹಿಸಿದ್ದೇ. ಈ ಸಲ ಸಂಕೋಚ ಬಿಟ್ಟು ಎಲ್ಲವನ್ನೂ ಕೇಳಿದೆ. ನಮ್ಮ ವೈದ್ಯರು ಹಾಳೆಯ ಮೇಲೆ ಹೃದಯದ ಚಿತ್ರ ಬರೆದು ತೋರಿಸಿದರು. ಮುಂದಿನ ಹತ್ತು ವರ್ಷ ಅಡ್ಡಪರಿಣಾಮಗಳನ್ನು ಗಮನಿಸುವ ಒಂದು ಅಧ್ಯಯನಕ್ಕೆ ಸೇರುತ್ತೀರಾ ಎಂದು ಅಕ್ಕನನ್ನು ಕೇಳಿದ್ದಾರೆ. ಪತ್ರ ಮನೆಯಲ್ಲಿದೆ. ಮೂರು ಸಾಲಿಗೆ ಗೆರೆ ಎಳೆದಿದ್ದಾಳೆ, ನಾಳೆ ಕೇಳಿ ಸಹಿ ಹಾಕುತ್ತಾಳಂತೆ.

ಇಂದು ನಾಲ್ಕನೆಯ ದಿನ ಮುಗಿಯಿತು. ಸಂಜೆ ಅಭ್ಯಾಸ ಮಾಡುವಾಗ ಅಮ್ಮ ಪಕ್ಕದಲ್ಲಿ ಕುಳಿತು ಅಕ್ಕನ ಬೆನ್ನ ಕೆಳಗೆ ಅಂಗೈ ಇಟ್ಟಿರುತ್ತಾರೆ, ಕಮಾನಾದರೆ ತಿಳಿಯಲಿ ಎಂದು. ಎಣಿಸುವವರೂ ಅಮ್ಮನೇ. ತುಂಬಾ ನಿಧಾನವಾಗಿ ಎಣಿಸುತ್ತಾರೆ ಎಂಬುದು ಅಕ್ಕನ ದೂರು.